ನಾಲ್ಕು ಸರಪಳಿ ಗೃಹಕಲಹ

ಕಳೆದ ತಿಂಗಳು ನಮ್ಮ ಹಳೆಯ ಕಚೇರಿಯಿಂದ ಫೋನ್ ಬಂತು. ಹೊಸದಾಗಿ ಸೇರಿದ ತೆರಪು ಮಾಪಕರಿಗೆ ತರಬೇತಿ ಇದೆ, ತಾವು ಬಂದು ಅನುಭವ ಹಂಚಿಕೊಳ್ಳಬೇಕು, ಹತ್ತು ನಿಮಿಷ ಸಾಕು ಅಂದರು. ಮೂವತ್ತನಾಲ್ಕು ವರ್ಷದ ಸರ್ವಿಸಿಗೆ ಹತ್ತು ನಿಮಿಷ. ಆದರೂ ಇಸ್ತ್ರಿ ಮಾಡಿದ ಅಂಗಿ ಹಾಕಿಕೊಂಡು ಹೋದೆ. ಮುಖ್ಯ ಅತಿಥಿಗಳು ಒಂದೂಕಾಲು ಗಂಟೆ ಕರ್ತವ್ಯನಿಷ್ಠೆಯ ಬಗ್ಗೆ ಮಾತಾಡಿದರು. ಅವರು ಜನ್ಮದಲ್ಲಿ ಒಂದು ತೆರಪಿನಲ್ಲೂ ಕಾಲಿಟ್ಟವರಲ್ಲ. ನನ್ನ ಸರದಿ ಬರುವ ಹೊತ್ತಿಗೆ ಹೊರಗೆ ಪಲಾವಿನ ಪಾತ್ರೆಯ ಮುಚ್ಚಳ ತೆಗೆದಿದ್ದರು. ನನಗೆ ಶಾಲು ಹೊದಿಸಿ ಊಟಕ್ಕೆ ಕಳಿಸಿದರು. ಹಾಗಾಗಿ ಅಲ್ಲಿ ಆಡಬೇಕಾಗಿದ್ದನ್ನು ಇಲ್ಲಿ ಬರೆಯುತ್ತಿದ್ದೇನೆ. ಓದುವ ವ್ಯವಧಾನ ಇದ್ದವರು ಓದಿಕೊಳ್ಳಲಿ.

ಕೆಲಸದ ಪರಿಚಯ ಇಲ್ಲದವರಿಗಾಗಿ ಎರಡು ಮಾತು. ಒಬ್ಬರು ನಡೆದ ಸಂಗತಿಯನ್ನು ಹೇಳುವಾಗ ನಡುವಿನ ಒಂದು ತುಂಡನ್ನು ಬೇಕೆಂದೇ ನುಂಗಿಕೊಂಡರೆ, ಆ ತುಂಡಿಗೆ ತಕ್ಕಷ್ಟು ನೆಲ ಎಲ್ಲಾದರೂ ಹುಟ್ಟುತ್ತದೆ. ಮಳೆ ಬಿದ್ದರೆ ಅಣಬೆ ಎದ್ದ ಹಾಗೆ, ಇದರಲ್ಲಿ ಪವಾಡವೇನೂ ಇಲ್ಲ. ಇದೇ ತೆರಪು. ಮನೆಯೊಳಗಾದರೆ ಲೆಕ್ಕಕ್ಕೆ ಸಿಗದ ಒಂದು ಕೋಣೆ, ಬಯಲಲ್ಲಾದರೆ ಎರಡು ಸರ್ವೆ ನಂಬರಿನ ನಡುವೆ ನಿನ್ನೆ ಇಲ್ಲದಿದ್ದ ಒಂದು ಪಟ್ಟಿ. ಎಲ್ಲ ಜಿಲ್ಲೆಯಲ್ಲೂ ಏಳುತ್ತದೆ. ಶಿವಮೊಗ್ಗ, ಭದ್ರಾವತಿ ಕಡೆ ಸ್ವಲ್ಪ ಜಾಸ್ತಿ, ಏಕೆಂದರೆ ನಮ್ಮ ಜನಕ್ಕೆ ಒಂದು ಮಾತು ಬಾಯಿಪಾಠ: "ಆಮೇಲೆ ಏನೇನೋ ಆಯ್ತು ಬಿಡಿ." ಈ 'ಬಿಡಿ' ಅನ್ನುವ ಎರಡಕ್ಷರ ಕೇಳಿದ ಕೂಡಲೇ ನಾವು ಸರಪಳಿ ಹೆಗಲಿಗೆ ಹಾಕಿಕೊಳ್ಳುತ್ತಿದ್ದೆವು.

ತೆರಪು ಮುಚ್ಚುವುದಕ್ಕೆ ಇರುವುದು ಒಂದೇ ದಾರಿ. ಮಾತನ್ನು ಬಿಟ್ಟವರೇ ಬಾಯಿಬಿಟ್ಟು ಹೇಳಬೇಕು. ಯಾರಿಂದ ಮುಚ್ಚಿಟ್ಟರೋ ಅವರ ಎದುರಿಗೇ ಹೇಳಬೇಕು. ಉಳಿದದ್ದೆಲ್ಲ ಕಾಗದದ ಆಟ. ಆ ಕಾಗದದ ಆಟದಲ್ಲಿ ನಾನು ಒಂದು ಪದ ಬರೆದೆ. ಭದ್ರಾವತಿಯಲ್ಲಿ ಹೊಲಿಗೆ ಮಾಡಿಕೊಂಡಿರುವ ಮಂಜುಳಮ್ಮ ಎಂಬವರು ಆ ಪದದ ದೆಸೆಯಿಂದ ಹದಿನೇಳು ವರ್ಷ ಗಂಡನ ಸಾವಿಗೆ ಕಾರಣಳಾದವಳು ಎಂದು ಹೇಳಿಸಿಕೊಂಡರು. ನಾನು ಅನುಭವ ಎಂದು ಹೇಳಿಕೊಳ್ಳಬಹುದಾದದ್ದು ಇದೊಂದೇ. ಮೊದಲು ಆ ಪದ ನಮ್ಮ ಕಚೇರಿಗೆ ಹೇಗೆ ಬಂತು ಎನ್ನುವುದನ್ನು ಹೇಳಬೇಕು.

ನನಗೆ ಕೆಲಸ ಕಲಿಸಿದವರು ಅಧಿಕಾರಿಗಳಲ್ಲ, ಸರಪಳಿ ಹಿಡಿಯುತ್ತಿದ್ದ ನಜೀರ್ ಸಾಬ್. ಆಗೆಲ್ಲ ಅಳತೆ ಸರಪಳಿಯಲ್ಲೇ. ಮೂವತ್ತಮೂರು ಅಡಿಗೆ ಒಂದು ಸರಪಳಿ, ಅದರ ಹದಿನಾರರಲ್ಲಿ ಒಂದು ಪಾಲು ಒಂದು ಆಣೆ. ನಜೀರ್ ಸಾಬ್ ಜೇಬಿನಲ್ಲಿ ಸದಾ ಒಂದು ಸಕ್ಕರೆ ಪೊಟ್ಟಣ. ಸಂಶಯದ ಜಾಗದಲ್ಲಿ ಒಂದು ಚಿಟಿಕೆ ಉದುರಿಸಿ ಕೂತು ಬೀಡಿ ಹಚ್ಚುತ್ತಿದ್ದ. ಬೀಡಿ ಮುಗಿಯುವುದರೊಳಗೆ ಇರುವೆ ಬಂದರೆ ಅದು ಸಾಮಾನ್ಯ ನೆಲ. ಬಾರದಿದ್ದರೆ ತೆರಪು. ತೆರಪಿನಲ್ಲಿ ಇರುವೆ ಇರುವುದಿಲ್ಲ, ಯಾಕೆಂದು ಕೇಳಿದರೆ ನನಗೆ ತಿಳಿಯದು. "ಇರುವೆಗೆ ಸಂಬಳ ಕೊಡೋರಿಲ್ಲ ಸಾರ್, ಅದಕ್ಕೆ ಸುಳ್ಳು ಹೇಳಲ್ಲ" ಅನ್ನುತ್ತಿದ್ದ. ಕಚೇರಿಯ ಮೇಲಿನವರು ನಗುತ್ತಿದ್ದರು. ಅವರ ಒಂದೊಂದು ಯಂತ್ರವೂ ತಪ್ಪಿದ್ದನ್ನು ನೋಡಿದ್ದೇನೆ, ಸಕ್ಕರೆ ತಪ್ಪಿದ್ದನ್ನು ನೋಡಿಲ್ಲ.

ಮೊದಲ ವರ್ಷದ ಒಂದು ಪ್ರಕರಣ ವಿನೋಬನಗರದ್ದು. ಜಮೀನು ಗುತ್ತಿಗೆಗೆ ಕೊಟ್ಟು ಪೇಟೆಯಲ್ಲಿ ನೌಕರಿಗೆ ನಿಂತ ಕುಟುಂಬ, ಮಹಡಿ ಮನೆ. ದೇವರ ಕೋಣೆಗೂ ಅಡುಗೆಮನೆಗೂ ನಡುವೆ ಹತ್ತಡಿಯ ಕೋಣೆಯೊಂದು ಎದ್ದಿತ್ತು. ಮನೆಯ ಯಜಮಾನರ ತಮ್ಮ ಯಾವುದೋ ಕಾಲದಲ್ಲಿ ಮದ್ರಾಸಿಗೆ ಹೋಗಿದ್ದ. "ಆಮೇಲೆ ಏನೇನೋ ಆಯ್ತು ಬಿಡಿ, ಈಗ ಇಲ್ಲೇ ಇದಾನೆ" ಎಂದು ಅವನನ್ನು ಮದುವೆಯಾಗಿ ಬಂದ ಹೊಸ ಸೊಸೆಗೆ ಹೇಳಿದ್ದರು. ನಾವು ಹೋಗುವ ಹೊತ್ತಿಗೆ ಯಜಮಾನರು ಆ ಕೋಣೆಗೆ ಸುಣ್ಣ ಹೊಡೆಸಿ, ಫ್ಯಾನು ಹಾಕಿಸಿ, ಬ್ಯಾಂಕಿನ ಗುಮಾಸ್ತರೊಬ್ಬರಿಗೆ ಬಾಡಿಗೆಗೆ ಕೊಟ್ಟಾಗಿತ್ತು. ತಮ್ಮ ಕುಟುಂಬದ ಮಾನದಿಂದಲೂ ಬಾಡಿಗೆ ಎತ್ತುವ ಜನ ಇದ್ದಾರೆ ಎಂದು ಅವತ್ತು ನನಗೆ ಗೊತ್ತಾಯಿತು.

ಕೊನೆಗೆ ಮನೆಯ ಅಜ್ಜಿಗೆ ರೋಸಿಹೋಯಿತು. ಸೊಸೆಯನ್ನು ಎದುರಿಗೆ ಕೂರಿಸಿಕೊಂಡು, "ನೋಡೇ, ಅವನಿಗೆ ಅಲ್ಲೊಂದು ಮದುವೆ ಆಗಿತ್ತು, ಹುಡುಗಿ ಒಳ್ಳೇಳೇ, ನಾವೇ ಬಿಡಿಸಿ ಕರ್ಕೊಂಡು ಬಂದ್ವಿ" ಅಂದರು. ಗುಮಾಸ್ತರು ಸ್ನಾನಕ್ಕೆ ಹೋಗಿದ್ದರು, ಪುಣ್ಯ. ಟವೆಲ್ ಸುತ್ತಿಕೊಂಡು ಬಂದು ನೋಡಿದರೆ ಕೋಣೆಯೇ ಇಲ್ಲ, ಅವರ ಮಂಚ, ಟ್ರಂಕು, ಫ್ಯಾನು ಎಲ್ಲ ದೇವರ ಕೋಣೆಯಲ್ಲಿ ಒತ್ತಾಗಿ ನಿಂತಿದ್ದವು. ಯಜಮಾನರು ಬೈದದ್ದು ನಮ್ಮನ್ನು.

ಇಂಥ ಪ್ರಕರಣಕ್ಕೆ ಮೂರು ದಿನ, ಕೆಲವಕ್ಕೆ ಮೂರು ತಿಂಗಳು ಬೇಕು. ಜನ ಸುಲಭಕ್ಕೆ ಬಾಯಿ ಬಿಡುವುದಿಲ್ಲ. ಜಗಲಿಯ ಮೇಲೆ ಕೂರಬೇಕು, ಕೊಟ್ಟ ಕಾಫಿ ಕುಡಿಯಬೇಕು, ಅವರ ಎಮ್ಮೆಯ ಯೋಗಕ್ಷೇಮ ವಿಚಾರಿಸಬೇಕು. ಆಗ ನಮ್ಮ ಕಚೇರಿಗೆ ಒಬ್ಬ ಸಾಹೇಬರು ವರ್ಗವಾಗಿ ಬಂದರು. ಹೆಸರು ಬೇಡ, ನಾವು 'ನಮೂನೆ ಸಾಹೇಬರು' ಅನ್ನುತ್ತಿದ್ದೆವು. ಅವರಿಗೆ ನೆಲದ ಮೇಲಿನ ತೆರಪಿಗಿಂತ ತಿಂಗಳ ವರದಿಯ ತೆರಪಿನ ಚಿಂತೆ ಹೆಚ್ಚು. ಅವರು ಒಂದು ನಮೂನೆ ಅಚ್ಚು ಹಾಕಿಸಿದರು. ಅದರಲ್ಲಿ ಏಳನೇ ಕಾಲಂ: 'ಬಿಟ್ಟುಹೋದ ಸಂಗತಿ'. ಅದನ್ನು ತುಂಬದೆ ಫೈಲು ಮೇಲಕ್ಕೆ ಹೋಗುವಂತಿಲ್ಲ. ತುಂಬಿದರೆ ತೆರಪು ಮುಚ್ಚಿದೆ ಎಂದೇ ಅರ್ಥ.

ಕಾಲಂ ಇದ್ದ ಮೇಲೆ ಅದಕ್ಕೊಂದು ಪದ ಹುಟ್ಟದೆ ಇರುತ್ತದೆಯೇ. ಯಾರು ಮೊದಲು ಬರೆದರೋ ಗೊತ್ತಿಲ್ಲ, ವರ್ಷದೊಳಗೆ ನಾವೆಲ್ಲರೂ ಏಳನೇ ಕಾಲಂನಲ್ಲಿ 'ಗೃಹಕಲಹ' ಎಂದು ಬರೆಯುವವರಾದೆವು. ಎಂಥ ಅನುಕೂಲದ ಪದ ನೋಡಿ. ಯಾವ ಮನೆಯಲ್ಲಿ ಜಗಳ ಇಲ್ಲ? ಯಾರೂ ಅಲ್ಲವೆಂದು ಹೇಳುವಂತಿಲ್ಲ. ಸಾಹೇಬರು ಅದನ್ನು ಕಂಡರೆ ಕಣ್ಣು ಮುಚ್ಚಿ ಸಹಿ ಹಾಕುತ್ತಿದ್ದರು. ಸಣ್ಣಪುಟ್ಟ ತೆರಪುಗಳು ಹಾಗೆ ಬರೆದ ಮೇಲೆ ತೆಪ್ಪಗೆ ಇರುತ್ತಿದ್ದವು, ಯಾರೂ ಮತ್ತೆ ಹೋಗಿ ಅಳೆಯುತ್ತಲೂ ಇರಲಿಲ್ಲ. ನಮ್ಮ ಕಚೇರಿಗೆ ರಾಜ್ಯಮಟ್ಟದಲ್ಲಿ ಪ್ರಶಂಸೆ ಬಂತು. ನಜೀರ್ ಸಾಬ್ ಮಾತ್ರ, "ಇರುವೆ ಬರಲಿಲ್ಲ ಸಾರ್" ಅನ್ನುತ್ತಿದ್ದ. "ನಿನ್ನ ಇರುವೆಗೆ ಮೆಮೊ ಕೊಡು" ಎಂದು ನಾನೇ ಒಮ್ಮೆ ಅವನ ಬಾಯಿ ಮುಚ್ಚಿಸಿದ್ದೆ.

ಮಲವಗೊಪ್ಪದ ಪ್ರಕರಣ ಬಂದದ್ದು ಆ ಕಾಲದಲ್ಲಿ. ಶಿವಮೊಗ್ಗ ಭದ್ರಾವತಿ ರಸ್ತೆಯಲ್ಲಿ ಎರಡು ಗಡಿಕಲ್ಲಿನ ನಡುವೆ ಇದ್ದಕ್ಕಿದ್ದಂತೆ ನಾಲ್ಕು ಸರಪಳಿ ರಸ್ತೆ ಹೆಚ್ಚಾಗಿತ್ತು. ಬಸ್ಸಿನವರಿಗೆ ಅರಿವಾಗಲಿಲ್ಲ, ದಿನಾ ಸೈಕಲ್ಲಿನಲ್ಲಿ ಹೋಗುವ ಹಾಲಿನವನೊಬ್ಬ ಕಾಲು ನೋಯುತ್ತದೆ ಎಂದು ದೂರು ಕೊಟ್ಟ. ವಿಚಾರಿಸಿದಾಗ ತಿಳಿದದ್ದು ಇಷ್ಟು. ಕೆಲವು ತಿಂಗಳ ಹಿಂದೆ ಭದ್ರಾವತಿಯ ಮರಗೆಲಸದ ಅಂಗಡಿಯೊಂದರ ಮಿನಿ ಲಾರಿ ಮಂಚ, ಬೀರು ಹೇರಿಕೊಂಡು ಬೆಳಿಗ್ಗೆ ಶಿವಮೊಗ್ಗಕ್ಕೆ ಹೊರಟು, ಅಲ್ಲಿ ಮರಕ್ಕೆ ಹೊಡೆದಿತ್ತು. ಓಡಿಸುತ್ತಿದ್ದ ಚಂದ್ರಪ್ಪ ಸತ್ತ. ಪಕ್ಕದಲ್ಲಿ ಕೂತಿದ್ದ ಅವನ ಗೆಳೆಯ ಕರಿಯಣ್ಣ ಕೈ ಮುರಿದುಕೊಂಡು ಉಳಿದ. ಕರಿಯಣ್ಣ ಎಲ್ಲರಿಗೂ ಹೇಳಿದ್ದು ಒಂದೇ: "ಮಲವಗೊಪ್ಪದವರೆಗೂ ಬಂದ್ವಿ. ಆಮೇಲೆ ಏನೇನೋ ಆಯ್ತು ಬಿಡಿ." ಆ ಚಂದ್ರಪ್ಪನ ಹೆಂಡತಿಯೇ ಮಂಜುಳಮ್ಮ. ಆಗ ಇಪ್ಪತ್ತೈದರ ವಯಸ್ಸು, ಕಂಕುಳಲ್ಲಿ ಒಂದು ಹೆಣ್ಣು ಕೂಸು.

ನಾನು ಮಾಡಬೇಕಾಗಿದ್ದ ಕೆಲಸ ಸ್ಪಷ್ಟವಾಗಿತ್ತು. ಕರಿಯಣ್ಣನನ್ನು ಮಂಜುಳಮ್ಮನ ಎದುರು ಕೂರಿಸಿ, ಅವನು ಬಾಯಿ ಬಿಡುವವರೆಗೆ ಕಾಯಬೇಕಿತ್ತು. ನಾನು ಮಾಡಿದ್ದೇನು? ಅವರ ಬೀದಿಗೆ ಹೋದೆ. ಚಂದ್ರಪ್ಪನ ಅಣ್ಣ ಬಾಗಿಲಲ್ಲೇ ಸಿಕ್ಕಿ, "ಬೆಳಿಗ್ಗೆ ಎದ್ದು ಜಗಳ ಆಡಿ ಕಳಿಸಿದಳು ಸಾರ್, ಗೋಡೆ ಈಚೆಗೇ ಕೇಳಿಸ್ತಿತ್ತು" ಅಂದ. ಜಗಳ ಎಂಬ ಮಾತು ಕಿವಿಗೆ ಬಿದ್ದದ್ದೇ ತಡ, ನನಗೆ ಏಳನೇ ಕಾಲಂ ತುಂಬಿದಷ್ಟು ಸಂತೋಷವಾಯಿತು. ಒಳಗೆ ಹೋಗಲಿಲ್ಲ. ಕರಿಯಣ್ಣನನ್ನು ನೋಡಲಿಲ್ಲ. ತಿಂಗಳ ಕೊನೆ, ವರದಿ ಹೋಗಬೇಕಿತ್ತು. ಬಸ್ ಸ್ಟ್ಯಾಂಡ್ ಎದುರಿನ ಹೋಟೆಲಿನಲ್ಲಿ ಮಸಾಲೆ ದೋಸೆ ಬರುವುದರೊಳಗೆ ಬರೆದು ಮುಗಿಸಿದೆ: 'ಗೃಹಕಲಹದಿಂದ ಚಾಲಕನ ಗಮನ ತಪ್ಪಿ ಅಪಘಾತ. ತೆರಪು ಮುಚ್ಚಿದೆ.' ಕೆಳಗೆ ನನ್ನ ಸಹಿ. ಕೋಳಿ ಕೆದರಿದಂಥ ಆ ಸಹಿಯನ್ನು ನನ್ನ ಹೆಂಡತಿಯೂ ಓದಲಾರಳು. ದೋಸೆ ಚೆನ್ನಾಗಿತ್ತು, ಇನ್ನೊಂದು ತರಿಸಿದೆ.

ಆ ಮೇಲೆ ಕಾಲ ಬದಲಾಯಿತು. ಸರಪಳಿ ಗುಜರಿಗೆ ಹೋಯಿತು, ಟೇಪು ಬಂತು, ಟೇಪು ಹೋಗಿ ಡ್ರೋನ್ ಬಂತು. ಈಗಿನವರು ನೆರಳಲ್ಲಿ ನಿಂತು ಡ್ರೋನ್ ಹಾರಿಸಿ ಸಂಜೆಯೊಳಗೆ ನಕ್ಷೆ ಕೊಡುತ್ತಾರೆ. ಡ್ರೋನಿಗೆ ಕಣ್ಣಿದೆ, ಒಪ್ಪೋಣ, ಕಿವಿ ಎಲ್ಲಿದೆ? ನಕ್ಷೆಯ ಅಡಿಪಾಯ ನಮ್ಮ ಹಳೆಯ ಫೈಲುಗಳೇ. ಫೈಲಿನಲ್ಲಿ ಮುಚ್ಚಿದೆ ಎಂದಿದ್ದರೆ ಗಣಕಯಂತ್ರವೇ ಆ ಜಾಗವನ್ನು ಒರೆಸಿ ಸಪಾಟು ಮಾಡುತ್ತದೆ. ಮಲವಗೊಪ್ಪದಲ್ಲಿ ಆ ನಾಲ್ಕು ಸರಪಳಿಗೆ ಪ್ರತಿ ವರ್ಷ ಡಾಂಬರು ಹಾಕಿದರು, ಪ್ರತಿ ವರ್ಷ ಕುಸಿಯಿತು. ಗುತ್ತಿಗೆದಾರ ಮಣ್ಣು ಸರಿಯಿಲ್ಲ ಅಂದ. ಕುಣಿಯಲಾರದವಳು ನೆಲ ಡೊಂಕು ಅಂದಳಂತೆ, ಅಳೆಯಲಾರದ ನಾವೂ ಅದನ್ನೇ ಅಂದೆವು.

ನನ್ನ ನಿವೃತ್ತಿಗೆ ಎರಡು ತಿಂಗಳಿದ್ದಾಗ ಮಂಜುಳಮ್ಮ ಕಚೇರಿಗೆ ಬಂದರು. ಜೊತೆಗೆ ಮಗಳು ಕಾವ್ಯ, ಕಾಲೇಜಿನಲ್ಲಿ ಓದುತ್ತಿದ್ದ ಹುಡುಗಿ. ಕೈಯಲ್ಲಿ ನನ್ನ ಆ ಏಳನೇ ಕಾಲಂನ ನಕಲು. ಅವರ ಭಾವ, ಚಂದ್ರಪ್ಪನ ಅಣ್ಣ, ಅದನ್ನು ಅಂದಿನಿಂದ ಜೇಬಿನಲ್ಲಿಟ್ಟುಕೊಂಡು ಓಡಾಡಿದ್ದನಂತೆ. ಯಾವ ಮದುವೆ ಮನೆಯಲ್ಲಿ ಈ ಹೆಂಗಸು ಕುಂಕುಮದ ಬಟ್ಟಲಿನ ಹತ್ತಿರ ಹೋದರೂ, "ಸರ್ಕಾರಿ ಕಾಗದದಲ್ಲೇ ಇದೆ" ಎಂದು ತೆಗೆದು ತೋರಿಸುತ್ತಿದ್ದನಂತೆ.

"ಜನ ಅಂದದ್ದನ್ನ ತಡ್ಕೊಂಡೆ ಸಾರ್" ಅಂದರು ಮಂಜುಳಮ್ಮ. "ಮೊನ್ನೆ ಇವಳು ಇದನ್ನ ಓದಿ, ಅಮ್ಮ, ಅಪ್ಪ ನಿನ್ನಿಂದಾನೇ ಸತ್ರಾ ಅಂತ ಕೇಳಿದ್ಲು. ನನಗೆ ಗೊತ್ತಿಲ್ವಲ್ಲ ಸಾರ್, ಏನು ಹೇಳ್ಲಿ. ಜಗಳ ಆಡಿದ್ದು ಹೌದು. ಅವರು ಅದನ್ನೇ ಮನಸ್ಸಿಗೆ ಹಚ್ಕೊಂಡು ಹೋದ್ರಾ, ಅದೊಂದು ಗೊತ್ತಾಗ್ಬೇಕು. ಇದನ್ನ ಬರೆದೋರು ಯಾರನ್ನ ಕೇಳಿ ಬರೆದ್ರು?"

ಮೇಜಿನ ಈಚೆ ಕೂತವನು ನಾನೇ. ಬರೆದವನೂ ನಾನೇ. "ವಿಚಾರಣೆ ಮಾಡಿಯೇ ಬರೆದಿರ್ತಾರೆ ತಾಯಿ" ಅಂದೆ. ಬರೆದಿರ್ತಾರೆ. ಯಾರೋ ಮೂರನೆಯವರು ಬರೆದ ಹಾಗೆ. ಬಾಗಿಲಲ್ಲಿ ನಿಂತಿದ್ದ ನಜೀರ್ ಸಾಬ್ ನನ್ನ ಮುಖ ನೋಡಿ ಹೊರಗೆ ಹೋದ. ನನ್ನ ಸರ್ವಿಸಿನಲ್ಲಿ ಯಾವ ಮೇಲಧಿಕಾರಿಯೂ ನನ್ನನ್ನು ಅಷ್ಟು ಕೀಳಾಗಿ ಕಂಡದ್ದಿಲ್ಲ, ಕಂಡಿದ್ದರೂ ನನಗೆ ತಾಗಿರಲಿಲ್ಲ.

ದಾಖಲೆ ತಿದ್ದಿಸಲು ನೋಡಿದೆ. ಮುಚ್ಚಿದ ತೆರಪನ್ನು ಮತ್ತೆ ತೆರೆಯಲು ತಂತ್ರಾಂಶದಲ್ಲಿ ಅವಕಾಶವಿಲ್ಲ ಎಂದು ಉತ್ತರ ಬಂತು. ಬರೆದಿಟ್ಟ ಸುಳ್ಳಿಗೆ ಬೀಗ ಇರುತ್ತದೆ, ಬೀಗದಕೈ ಇರುವುದಿಲ್ಲ. ಇಷ್ಟರಲ್ಲಿ ನಾನು ನಿವೃತ್ತನಾದೆ, ಅದೇ ವರ್ಷ ನಜೀರ್ ಸಾಬೂ ಆದ. ಒಂದು ದಿನ ಅವನೇ ಮನೆಗೆ ಬಂದು, "ಕರಿಯಣ್ಣ ಸಿಕ್ಕಿದಾನೆ ಸಾರ್. ಬೈಪಾಸ್ ಹತ್ರ ಪಂಕ್ಚರ್ ಅಂಗಡಿ ಇಟ್ಕೊಂಡಿದಾನೆ. ಹೋಗಾಣ" ಅಂದ. ಹೋಗೋಣವೇ ಎಂದು ಕೇಳಲಿಲ್ಲ.

ಕರಿಯಣ್ಣನ ಅಂಗಡಿಯಲ್ಲಿ ನಾವು ಎಂಟು ದಿನ ಕೂತೆವು. ಟ್ಯೂಬು ನೀರಿಗೆ ಅದ್ದಿ ಗುಳ್ಳೆ ನೋಡುವುದು ಅವನ ಕೆಲಸ. ನಾವು ಮಾತೆತ್ತಿದರೆ, "ಹಳೇದೆಲ್ಲ ಯಾಕೆ ಸಾರ್, ಬಿಡಿ" ಅನ್ನುತ್ತಿದ್ದ. ನಾವು ಬಿಡಲಿಲ್ಲ. ಟೀ ಕುಡಿದೆವು, ಅವನ ಸಕ್ಕರೆ ಕಾಯಿಲೆಯ ಕಥೆ ಕೇಳಿದೆವು. ಮೊದಲೇ ಮಾಡಬೇಕಾಗಿದ್ದ ಕೆಲಸವನ್ನು ಪೆನ್ಶನ್ ತೆಗೆದುಕೊಂಡು ಮಾಡಿದ ಮಹಾನುಭಾವ ನಾನು. ಒಂಬತ್ತನೇ ದಿನ ನಜೀರ್ ಸಾಬ್, "ಅವರ ಮಗಳು ತಾಯಿನ್ನ ಕೇಳಿದ್ಲಂತೆ, ಅಪ್ಪ ನಿನ್ನಿಂದ ಸತ್ರಾ ಅಂತ" ಅಂದ. ಕರಿಯಣ್ಣ ಟ್ಯೂಬನ್ನು ನೀರಿನಲ್ಲೇ ಬಿಟ್ಟು ಎದ್ದು ಕೈ ಒರೆಸಿಕೊಂಡ.

ಭಾನುವಾರ ಬೆಳಿಗ್ಗೆ ಐದು ಜನ ಮಲವಗೊಪ್ಪದ ಆ ರಸ್ತೆಯ ಬದಿಯಲ್ಲಿ ನಿಂತೆವು. ಕಚೇರಿ ಗುಜರಿಗೆ ಹಾಕಿದ ಸರಪಳಿಗಳನ್ನು ನಜೀರ್ ಸಾಬ್ ಕೊಂಡು ಇಟ್ಟಿದ್ದ. ನಾಲ್ಕನ್ನೂ ಕೊಂಡಿ ಹಾಕಿ ರಸ್ತೆಯ ಅಂಚಿನುದ್ದಕ್ಕೂ ತೆರಪಿನ ಈ ತುದಿಯಿಂದ ಆ ತುದಿಗೆ ಬಿಗಿದೆವು. ತುದಿಯಲ್ಲಿ ಸ್ವಲ್ಪ ಸಾಲದೆ ಬಂದದ್ದಕ್ಕೆ ನಜೀರ್ ಸಾಬ್ ಒಂದು ಹಳೆಯ ತುಂಡನ್ನು ಸೇರಿಸಿದ. ಸಕ್ಕರೆ ಉದುರಿಸಿದೆವು, ಇರುವೆ ಬರಲಿಲ್ಲ. ನನ್ನ 'ಮುಚ್ಚಿದೆ' ಎಂಬ ಬರಹ ಅಲ್ಲಿ ನಾಲ್ಕು ಸರಪಳಿ ಉದ್ದಕ್ಕೆ ಬಿದ್ದುಕೊಂಡಿತ್ತು. ಮಂಜುಳಮ್ಮ, ಕಾವ್ಯ ಒಂದು ಕಡೆ ನಿಂತರು. ಕರಿಯಣ್ಣ ಎದುರಿಗೆ ನಿಂತು ತನ್ನ ಚಪ್ಪಲಿ ನೋಡಿಕೊಂಡು ಶುರುಮಾಡಿದ.

"ಇಲ್ಲೀವರ್ಗೂ ಸುಮ್ನೆ ಬಂದ ಅಕ್ಕ. ಇಲ್ಲಿಗೆ ಬಂದೋನು ಒಬ್ನೇ ನಗೋಕೆ ಶುರು ಮಾಡ್ದ. ಏನೋ ಮಾರಾಯ ಅಂದೆ. ನಮ್ಮನೆಯವಳು ಬೆಳಿಗ್ಗೆ ಹೆಂಗೆ ಬೈದ್ಲು ಗೊತ್ತಾ ಅಂದ. ಮನೇಲಿದ್ದ ಒಂದೇ ಕೊಡೇನ ಯಾರಿಗೋ ಕೊಟ್ಟು ಮರ್ತಿದ್ನಂತೆ. ನಿಮ್ ಥರಾನೇ ಸೊಂಟದ ಮೇಲೆ ಕೈ ಇಟ್ಟು ಹೇಳ್ದ. ಕೊಡೆ ಯಾರಿಗೆ ಕೊಟ್ರಿ ಅಂದ್ರೆ ನೆನಪಿಲ್ಲ ಅಂತೀರಿ, ನಾಳೆ ನನ್ನನ್ನೂ ಯಾರಿಗಾದ್ರೂ ಕೊಟ್ಟು ಬಂದು, ಅನ್ನ ಬಡಿಸೋಳು ಎಲ್ಲಿ ಅಂತ ಮನೆಯೆಲ್ಲ ಹುಡುಕ್ತೀರಿ, ಅಂತ."

ಸರಪಳಿ ಸಡಿಲಾಯಿತು. ನಾನು ಕಣ್ಣಾರೆ ಕಂಡೆ. ಮೊದಲು ನಡುವಿನಲ್ಲಿ ಜೋತುಬಿತ್ತು, ಆಮೇಲೆ ಕೊಂಡಿಗಳು ಒಂದರ ಮೇಲೊಂದು ಮಡಚಿ ಬೀಳತೊಡಗಿದವು. ನಜೀರ್ ಸಾಬ್ ಅದನ್ನು ಕೈಗೆ ಸುತ್ತಿಕೊಳ್ಳುತ್ತ ಬಂದ.

"ನಾನು ನಕ್ಕೂ ನಕ್ಕೂ ಸಾಕಾಗಿ, ಇನ್ನೊಂದ್ಸಲ ಮಾಡು ಅಂದೆ" ಅಂದ ಕರಿಯಣ್ಣ. "ನಾನೇ ಅಂದೆ. ನನ್ ಕಡೆ ತಿರುಗಿ ಮಾಡ್ದ. ಮುಂದೆ ನೋಡ್ಲಿಲ್ಲ. ಸಾವಿನ ಮನೇಲಿ ಬಂದು, ನಾವು ನಗ್ತಾ ಇದ್ವಿ ಅಂತ ಹೆಂಗಕ್ಕ ಹೇಳ್ಲಿ? ಅದಕ್ಕೇ ನುಂಗ್ಕೊಂಡೆ."

ಮಂಜುಳಮ್ಮ ಒಂದು ಹೆಜ್ಜೆ ಮುಂದೆ ಬಂದು, "ಮನೆಯೆಲ್ಲ ಹುಡುಕ್ತೀರಿ ಅಂದದ್ದನ್ನೂ ಹೇಳಿದ್ರಾ?" ಎಂದು ಕೇಳಿದರು.

"ಹೇಳ್ದ ಅಕ್ಕ. ಅದನ್ನ ಹೇಳುವಾಗ್ಲೇ ಜಾಸ್ತಿ ನಕ್ಕಿದ್ದು."

ಆ ಮಾತು ಗಂಡ ಹೆಂಡಿರಿಬ್ಬರ ನಡುವಿನದು, ಬೇರೆ ಯಾರೂ ಕಟ್ಟಿ ಹೇಳಲಾರರು. ಮಂಜುಳಮ್ಮ ಸೆರಗಿನಿಂದ ಬಾಯಿ ಮುಚ್ಚಿಕೊಂಡರು. ನಗುತ್ತಿದ್ದರೋ ಅಳುತ್ತಿದ್ದರೋ, ಎರಡೂ ಇದ್ದವು. "ಹಾಗೇ ಅಂದಿದ್ದೆ ಕಣೇ" ಎಂದು ಮಗಳಿಗೆ ಹೇಳಿದರು, "ಹಾಗೇ ಅಂದಿದ್ದೆ, ಅವರು ನಕ್ಕೊಂಡೇ ಹೋದ್ರಂತೆ." ಕಾವ್ಯ ತಾಯಿಯ ತೋಳು ಹಿಡಿದುಕೊಂಡಳು. ಕರಿಯಣ್ಣ ರಸ್ತೆಯ ಬದಿಯಲ್ಲಿ ಕುಕ್ಕರಿಸಿ ಕೂತ. ನನಗೆ ನೆಮ್ಮದಿಯಾಯಿತು, ಸುಳ್ಳೇಕೆ, ಹೆಮ್ಮೆಯೂ ಆಯಿತು. ಕೊನೆಗೂ ಒಂದು ಪ್ರಕರಣವನ್ನು ಪದ್ಧತಿ ಪ್ರಕಾರ ಮುಗಿಸಿದೆ ಎಂದುಕೊಂಡು ಹೊರಡಲು ಛತ್ರಿಯ ಚೀಲ ಎತ್ತಿಕೊಂಡೆ.

ನಜೀರ್ ಸಾಬ್ ಕದಲಲಿಲ್ಲ. ಅವನ ಕೈಯಿಂದ ಗಡಿಕಲ್ಲಿನವರೆಗೆ ಸರಪಳಿಯ ಒಂದು ತುಂಡು ಇನ್ನೂ ಬಿಗಿಯಾಗಿಯೇ ನಿಂತಿತ್ತು. ಕೊಂಡಿ ಎಣಿಸಿ, "ಎರಡು ಆಣೆ ಉಳೀತು ಸಾರ್" ಅಂದ.

ಎರಡು ಆಣೆ ಅಂದರೆ ನಾಲ್ಕಡಿ. ನಾನು ಕರಿಯಣ್ಣನ ಕಡೆ ತಿರುಗಿ, "ಇನ್ನೇನಾದ್ರೂ ಬಿಟ್ಯೇನಪ್ಪಾ?" ಅಂದೆ.

"ಅವನದ್ದು ಮುಗೀತು" ಅಂದ ನಜೀರ್ ಸಾಬ್. "ಇದು ನಿಮ್ದು."

ನೂರಾರು ಜನರನ್ನು ಎದುರಿಗೆ ಕೂರಿಸಿಕೊಂಡು ಬಾಯಿ ಬಿಡಿ, ಬಾಯಿ ಬಿಡಿ ಎಂದು ಪೀಡಿಸಿದವನು ನಾನು. ಬಿಡುವುದು ಎಷ್ಟು ಕಷ್ಟ ಎಂದು ಅಲ್ಲಿ ಗೊತ್ತಾಯಿತು. ಎರಡು ಬಸ್ಸು ಹೋದವು. ಮೂರನೆಯದೂ ಹೋಯಿತು. ನಾಲಿಗೆಯ ತುದಿಗೆ ಬಂದದ್ದು ನಮೂನೆ ಸಾಹೇಬರ ಹೆಸರು, ತಿಂಗಳ ವರದಿ, ಆಗಿನ ಪದ್ಧತಿ. ಅವೆಲ್ಲ ನಿಜವೇ. ಆದರೆ ಸರಪಳಿ ಹಿಡಿದವನ ಎದುರು ಅವನ್ನು ಹೇಳಲು ಧೈರ್ಯ ಸಾಲಲಿಲ್ಲ.

"ತಾಯಿ" ಅಂದೆ, "ಆ ಕಾಗದ ಬರೆದೋನು ನಾನೇ. ಯಾರನ್ನೂ ಕೇಳ್ಲಿಲ್ಲ. ನಿಮ್ಮನೆ ಬಾಗಿಲವರೆಗೂ ಬಂದಿದ್ದೆ, ಒಳಗೆ ಬರಲಿಲ್ಲ. ಹೋಟೆಲಲ್ಲಿ ದೋಸೆಗೆ ಕಾಯ್ತಾ ಬರೆದೆ. ನೀವು ಕಚೇರಿಗೆ ಬಂದಾಗಲೂ ನಾನಲ್ಲ ಅನ್ನೋ ಥರ ಮಾತಾಡಿದೆ."

ಮಂಜುಳಮ್ಮ ನನ್ನನ್ನು ಅಡಿಯಿಂದ ಮುಡಿಯವರೆಗೆ ನೋಡಿದರು. "ದೋಸೆಗೆ ಕಾಯ್ತಾ" ಅಂದರು. ನಜೀರ್ ಸಾಬ್ ಕೈಯಲ್ಲಿ ಕೊನೆಯ ಕೊಂಡಿಗಳು ಮಡಚಿಕೊಂಡವು, ಅವನು ಸರಪಳಿಯನ್ನು ಗೋಣಿಚೀಲಕ್ಕೆ ತುಂಬಿದ. ಭದ್ರಾವತಿ ಕಡೆಯ ಬಸ್ಸು ಬಂತು. ಮಂಜುಳಮ್ಮ ಕರಿಯಣ್ಣನನ್ನು ಎಬ್ಬಿಸಿ, "ಬಾ ಅಣ್ಣ, ಊಟ ಮಾಡ್ಕೊಂಡು ಹೋಗುವಂತೆ" ಎಂದು ಕರೆದುಕೊಂಡು ಹತ್ತಿದರು. ನಜೀರ್ ಸಾಬನನ್ನೂ ಕರೆದರು. ನನ್ನನ್ನು ಕರೆಯಲಿಲ್ಲ. ತೆರಪು ಮುಚ್ಚಲು ಹೇಳಿದರೆ ಸಾಕು, ಕೇಳಿದವರು ಕ್ಷಮಿಸಬೇಕು ಎಂದು ನಿಯಮದಲ್ಲಿ ಎಲ್ಲೂ ಇಲ್ಲ.